ಹಳೇ ಡಸ್ಟರ್ ಒಂದರ ಆರ್‌ಸಿ ಕಾರ್ಡಿನಲ್ಲಿ ಇರೋ ಚರಿತ್ರೆ

(ರಸ್ತೆ ಚರಿತ್ರೆ ಸರಣಿ. ಒಟ್ಟು 8 ಪೋಸ್ಟ್. ಒಂದೊಂದೇ ಓದ್ಕೊಂಡು ಹೋಗಿ.)

1/8

ಸೆಕೆಂಡ್ ಹ್ಯಾಂಡ್ ಗಾಡಿ ನೋಡೋಕೆ ಹೋದಾಗ ನಾವೆಲ್ಲ ಮೊದಲು ನೋಡೋದು ಬಣ್ಣ, ಆಮೇಲೆ ಟೈರು, ಆಮೇಲೆ ಕಿಲೋಮೀಟರ್. ಆರ್‌ಸಿ ಕಾರ್ಡನ್ನ ಕೊನೆಗೆ, ದುಡ್ಡು ಕೊಡೋ ಹೊತ್ತಿಗೆ ಕೇಳ್ತೀವಿ. ಆದ್ರೆ ಗಾಡಿಯ ಬಗ್ಗೆ ಸುಳ್ಳು ಹೇಳದೇ ಇರೋ ಸಾಕ್ಷಿ ಅಂದ್ರೆ ಹೆಚ್ಚಾಗಿ ಅದೊಂದೇ. ಅದರ ಒಂದೊಂದು ಸಾಲಿನ ಹಿಂದೆ ಸರ್ಕಾರದ ಒಂದು ತೀರ್ಮಾನ, ಕೋರ್ಟಿನ ಒಂದು ಆದೇಶ, ಕಂಪನಿಯ ಒಂದು ಲೆಕ್ಕಾಚಾರ ಇರುತ್ತೆ.

ಈ ಸಲ ಉದಾಹರಣೆಗೆ ತಗೊಂಡಿರೋದು ರೆನೋ ಡಸ್ಟರ್. ಕಾರಣ ಇಷ್ಟೇ. ಇವತ್ತು ಬೀದಿಬೀದಿಯಲ್ಲಿ ಕಾಣೋ ಕ್ರೆಟಾ, ಸೆಲ್ಟೋಸ್, ಹೈರೈಡರ್ ಇವೆಲ್ಲ ಓಡಾಡ್ತಿರೋ ದಾರಿಯನ್ನ ನಮ್ಮ ದೇಶದಲ್ಲಿ ಮೊದಲು ಅಗಲ ಮಾಡಿದ್ದು ಅದು. ಜೀಪಿನ ಎತ್ತರ, ಕಾರಿನ ಮೆತ್ತಗಿನ ಸವಾರಿ, ಐದು ಜನ, ಹಿಂದೆ 475 ಲೀಟರ್ ಸಾಮಾನು. ಘಟ್ಟದ ಊರಿನವರಿಗೂ ಬೆಂಗಳೂರಿನ ಹಂಪು-ಗುಂಡಿಯವರಿಗೂ ಬೇಕಾಗಿದ್ದ ಗಾಡಿ.

2/8: ತಯಾರಕರು

ಕಾರ್ಡಿನಲ್ಲಿ ಕಂಪನಿ ಹೆಸರು 'ರೆನೋ ಇಂಡಿಯಾ' ಅಂತ ಇರುತ್ತೆ. ಫ್ರಾನ್ಸಿನ ಕಂಪನಿ. ಆದ್ರೆ ಗಾಡಿಯ ಬೇರು ರೊಮೇನಿಯಾದಲ್ಲಿದೆ. ಅಲ್ಲಿ ಕಮ್ಯುನಿಸ್ಟ್ ಸರ್ಕಾರದ ಕಾಲದಲ್ಲಿ, 1966ರಲ್ಲಿ, ಡಾಸಿಯಾ ಅನ್ನೋ ಕಾರು ಕಾರ್ಖಾನೆ ಶುರುವಾಯ್ತು. 1999ರಲ್ಲಿ ರೆನೋ ಅದನ್ನ ಕೊಂಡುಕೊಂಡಿತು. ಕಡಿಮೆ ಖರ್ಚಲ್ಲಿ ಗಟ್ಟಿ ಕಾರು ಮಾಡೋದು ಅವರ ಗುರಿ. 2004ರಲ್ಲಿ ಲೋಗನ್ ಬಂತು. ಅದೇ ತಳಪಾಯದ ಮೇಲೆ 2010ರಲ್ಲಿ ಡಸ್ಟರ್.

ಲೋಗನ್ ನಮಗೂ ಗೊತ್ತಿರೋದೇ. 2007ರಲ್ಲಿ ಮಹೀಂದ್ರಾ ಜೊತೆ ಸೇರಿ ಇಲ್ಲಿ ತಂದ್ರು. ನೋಡೋಕೆ ಪೆಟ್ಟಿಗೆ ಥರ ಇದೆ ಅಂತ ಜನ ಮೂಗು ಮುರಿದ್ರು. 2010ರಲ್ಲಿ ಪಾಲುದಾರಿಕೆ ಮುರಿದು, ಅದು ಮಹೀಂದ್ರಾ ವೆರಿಟೋ ಆಗಿ ಟ್ಯಾಕ್ಸಿ ಸ್ಟ್ಯಾಂಡ್ ಸೇರ್ಕೊಂಡಿತು. ಆದ್ರೆ ಅದರ 1461 ಸಿಸಿ ಡೀಸೆಲ್ ಎಂಜಿನ್ (ಮೆಕ್ಯಾನಿಕ್‌ಗಳು 'ಕೆ9ಕೆ' ಅಂತಾರೆ) ಡಸ್ಟರ್‌ಗೂ ಬಂತು. ನಿಸಾನ್ ಸನ್ನಿ, ಮೈಕ್ರಾ, ಟೆರಾನೋಗಳಲ್ಲೂ ಅದೇ ಕುಟುಂಬದ ಎಂಜಿನ್. ಹಾಗಾಗಿ ಕಂಪನಿ ಸರ್ವಿಸ್ ಸೆಂಟರ್ ಇಲ್ಲದ ಊರಲ್ಲೂ ಈ ಎಂಜಿನ್ ಬಿಚ್ಚಿ ಜೋಡಿಸಿದ ಕೈಗಳು ಸಿಗ್ತವೆ. ಹಳೇ ಗಾಡಿ ತಗೊಳ್ಳೋರಿಗೆ ಇದು ಸಣ್ಣ ವಿಷಯ ಅಲ್ಲ.

ನಮ್ಮ ಡಸ್ಟರ್ ತಯಾರಾಗಿದ್ದು ಚೆನ್ನೈ ಹತ್ರದ ಒರಗಡಂನಲ್ಲಿ, ರೆನೋ-ನಿಸಾನ್ ಜಂಟಿ ಕಾರ್ಖಾನೆಯಲ್ಲಿ. 2012ರ ಜುಲೈ 4ಕ್ಕೆ ಬಿಡುಗಡೆ. ಶುರುವಿನ ಬೆಲೆ ದಿಲ್ಲಿ ಎಕ್ಸ್-ಶೋರೂಂ 7.19 ಲಕ್ಷ. ಮುಂದಿನ ವರ್ಷ ಇಂಡಿಯನ್ ಕಾರ್ ಆಫ್ ದಿ ಇಯರ್ ಪ್ರಶಸ್ತಿಯೂ ಅದಕ್ಕೇ.

3/8: ಇಂಧನ: ಡೀಸೆಲ್

ಆ ಕಾಲದ ಡಸ್ಟರ್‌ಗಳಲ್ಲಿ ಡೀಸೆಲ್ ಯಾಕೆ ಇಷ್ಟೊಂದು? ಉತ್ತರ ಪೆಟ್ರೋಲ್ ಬಂಕಿನಲ್ಲಿದೆ.

2010ರ ಜೂನ್‌ನಲ್ಲಿ ಕೇಂದ್ರ ಸರ್ಕಾರ ಪೆಟ್ರೋಲ್ ಬೆಲೆಯನ್ನ ಮಾರುಕಟ್ಟೆಗೆ ಬಿಟ್ಟಿತು. ಡೀಸೆಲ್ ಮಾತ್ರ ಸರ್ಕಾರದ ಹಿಡಿತದಲ್ಲೇ ಉಳೀತು. ಲಾರಿ, ಬಸ್ಸು, ಟ್ರ್ಯಾಕ್ಟರ್, ಪಂಪ್‌ಸೆಟ್ಟು ಎಲ್ಲ ಅದರ ಮೇಲೇ ನಿಂತಿರೋದ್ರಿಂದ ಮುಟ್ಟೋ ಧೈರ್ಯ ಯಾರಿಗೂ ಇರಲಿಲ್ಲ. 2012ರ ಮೇ ಕೊನೆಗೆ ದಿಲ್ಲಿಯಲ್ಲಿ ಪೆಟ್ರೋಲ್ ಲೀಟರಿಗೆ 73 ರೂಪಾಯಿ ದಾಟಿತ್ತು. ಡೀಸೆಲ್ 41ರ ಆಸುಪಾಸು.

ಸುಮ್ನೆ ಒಂದು ಲೆಕ್ಕ ಹಾಕಿ. ತಿಂಗಳಿಗೆ 1000 ಕಿ.ಮೀ. ಓಡಾಟ. ಪೆಟ್ರೋಲ್ ಗಾಡಿ ಲೀಟರಿಗೆ 12 ಕೊಟ್ರೆ ಸುಮಾರು 6,100 ರೂಪಾಯಿ. ಡೀಸೆಲ್ ಗಾಡಿ 16 ಕೊಟ್ರೆ ಸುಮಾರು 2,600. ತಿಂಗಳಿಗೆ 3,500 ಉಳಿತಾಯ! ರೈತನ ಹೆಸರಲ್ಲಿ ಕೊಟ್ಟ ಸಬ್ಸಿಡಿ ಊರವರ ದೊಡ್ಡ ಕಾರಿನ ಟ್ಯಾಂಕಿಗೂ ಹರೀತು. ಆಗಿನ ಪತ್ರಿಕೆಗಳಲ್ಲಿ ಇದರ ಬಗ್ಗೆ ದೊಡ್ಡ ಚರ್ಚೆಯೇ ಆಗಿತ್ತು.

2013ರ ಜನವರಿಯಿಂದ ಡೀಸೆಲ್‌ಗೆ ತಿಂಗಳಿಗೆ ಸುಮಾರು 50 ಪೈಸೆಯಂತೆ ಏರಿಸ್ತಾ ಬಂದ್ರು. 2014ರ ಅಕ್ಟೋಬರ್‌ನಲ್ಲಿ ಅದನ್ನೂ ಪೂರ್ತಿ ಮಾರುಕಟ್ಟೆಗೆ ಬಿಟ್ರು. ಅಂತರ ಕರಗಿತು. ಅಂದ್ರೆ ಗಾಡಿ ಇದೆ, ಎಂಜಿನ್ ಇದೆ, ಆದ್ರೆ ಅದನ್ನ ಕೊಳ್ಳೋಕೆ ಇದ್ದ ಮುಖ್ಯ ಕಾರಣ ಸಣ್ಣದಾಯ್ತು. ಇವತ್ತು ಹಳೇ ಡೀಸೆಲ್ ತಗೊಳ್ಳೋರು 2012ರ ಲೆಕ್ಕ ಮಾಡಬೇಡಿ. ದಿನಾ ಬರೀ 10 ಕಿ.ಮೀ. ಓಡಿಸೋರಿಗೆ ಅದು ಆಗ ಲಾಭ ಆಗಿದ್ದರೂ ಈಗ ಆಗೋದು ಕಷ್ಟ.

4/8: ಸಿಸಿ: 1461

ಈ ಸಂಖ್ಯೆ ನೋಡಿ ಸುಮ್ನೆ ಮುಂದಕ್ಕೆ ಹೋಗ್ತೀವಿ. ಇದರೊಳಗೂ ಒಂದು ಕಥೆ ಇದೆ.

2013ರ ಬಜೆಟ್‌ನಲ್ಲಿ ಎಸ್‌ಯುವಿಗಳ ಮೇಲಿನ ಎಕ್ಸೈಸ್ ಸುಂಕ 27ರಿಂದ 30 ಪರ್ಸೆಂಟಿಗೆ ಏರಿತು. ಹಾಗಾದ್ರೆ ಎಸ್‌ಯುವಿ ಅಂದ್ರೆ ಯಾವುದು? ಸರ್ಕಾರ ಅಳತೆ ಕೊಡ್ತು: ಉದ್ದ 4 ಮೀಟರಿಗಿಂತ ಹೆಚ್ಚು, ಎಂಜಿನ್ 1500 ಸಿಸಿಗಿಂತ ಹೆಚ್ಚು, ಗ್ರೌಂಡ್ ಕ್ಲಿಯರೆನ್ಸ್ 170 ಮಿಲಿಮೀಟರ್ ಅಥವಾ ಮೇಲೆ. ಮೂರೂ ಇದ್ರೆ ಎಸ್‌ಯುವಿ.

ಡಸ್ಟರ್ ಉದ್ದ 4.3 ಮೀಟರ್, ನೆಲದಿಂದ 205 ಮಿಲಿಮೀಟರ್ ಎತ್ತರ. ಆದ್ರೆ ಡೀಸೆಲ್ ಎಂಜಿನ್ 1461 ಸಿಸಿ. 39 ಸಿಸಿ ಕಡಿಮೆ ಇದ್ದಿದ್ದಕ್ಕೆ ಕಾಗದದ ಮೇಲೆ ಅದು ಎಸ್‌ಯುವಿಯೇ ಅಲ್ಲ! 1598 ಸಿಸಿಯ ಪೆಟ್ರೋಲ್ ಡಸ್ಟರ್ ಮಾತ್ರ ಎಸ್‌ಯುವಿ ಆಯ್ತು. ನಮ್ಮಲ್ಲಿ ಎಷ್ಟೋ ಗಾಡಿಗಳ ಉದ್ದ 3,995 ಮಿಲಿಮೀಟರಿಗೆ ನಿಲ್ಲೋದೂ, ಎಂಜಿನ್ 1.2 ಅಥವಾ 1.5ಕ್ಕೆ ನಿಲ್ಲೋದೂ ಇಂಥ ತೆರಿಗೆ ಗೆರೆಗಳಿಂದಲೇ. ಎಂಜಿನಿಯರ್ ಕೈಯ ಸ್ಕೇಲ್ ಹಿಡಿಯೋದು ಹಣಕಾಸು ಮಂತ್ರಿ.

5/8: ಎಮಿಷನ್: ಬಿಎಸ್4

2018ರ ಅಕ್ಟೋಬರ್ 24ರಂದು ಸುಪ್ರೀಂ ಕೋರ್ಟ್ ಖಡಾಖಂಡಿತವಾಗಿ ಹೇಳ್ತು: 2020ರ ಏಪ್ರಿಲ್ 1ರ ನಂತರ ದೇಶದಲ್ಲಿ ಬಿಎಸ್4 ಗಾಡಿ ಮಾರೋ ಹಾಗಿಲ್ಲ. ನಾವು ಬಿಎಸ್5 ಮೆಟ್ಟಿಲು ಹತ್ತದೇ ನೇರ ಬಿಎಸ್6ಕ್ಕೆ ಹಾರಿದ್ವಿ. ಡೀಸೆಲ್ ಎಂಜಿನ್ ಶುದ್ಧ ಮಾಡೋದು ಪೆಟ್ರೋಲ್‌ಗಿಂತ ದುಬಾರಿ ಕೆಲಸ. ಮಾರುತಿ 2019ರ ಏಪ್ರಿಲ್‌ನಲ್ಲೇ ಡೀಸೆಲ್ ಬಿಡ್ತೀವಿ ಅಂತ ಘೋಷಿಸ್ತು. ಡಸ್ಟರ್ ಡೀಸೆಲ್ ಕೂಡ ಅಲ್ಲಿಗೇ ನಿಂತಿತು. 2020ರ ಆಗಸ್ಟ್‌ನಲ್ಲಿ 1.3 ಲೀಟರ್ ಟರ್ಬೋ ಪೆಟ್ರೋಲ್ (156 ಪಿಎಸ್) ಬಂತು. ಆದ್ರೆ ಹೊತ್ತು ಮೀರಿತ್ತು. 2015ರಲ್ಲಿ ಬಂದ ಕ್ರೆಟಾ, 2019ರಲ್ಲಿ ನಮ್ಮ ಗಡಿಯಾಚೆ ಪೆನುಕೊಂಡದ ಹತ್ರದ ಕಾರ್ಖಾನೆಯಿಂದ ಬಂದ ಸೆಲ್ಟೋಸ್ ಮಾರುಕಟ್ಟೆ ಹಿಡಿದಾಗಿತ್ತು. 2022ರ ಆರಂಭದಲ್ಲಿ ಆ ಡಸ್ಟರ್ ತಯಾರಿಕೆ ಮುಗೀತು. ಅದೇ ವರ್ಷ ನಮ್ಮ ಬಿಡದಿಯಿಂದ ಹೈರೈಡರ್ ಮತ್ತು ಗ್ರ್ಯಾಂಡ್ ವಿಟಾರಾ ಹೈಬ್ರಿಡ್ ಎಂಜಿನ್ ಹೊತ್ತು ಬಂದವು.

ಬಿಎಸ್4 ಡೀಸೆಲ್‌ಗೆ ಇನ್ನೊಂದು ಪೆಟ್ಟು ದಿಲ್ಲಿಯಿಂದ. 10 ವರ್ಷ ದಾಟಿದ ಡೀಸೆಲ್ ಗಾಡಿ ಅಲ್ಲಿ ಓಡಬಾರದು ಅಂತ 2015ರಲ್ಲಿ ಹಸಿರು ನ್ಯಾಯಮಂಡಳಿ ಹೇಳ್ತು. 2018ರಲ್ಲಿ ಸುಪ್ರೀಂ ಕೋರ್ಟ್ ಅದನ್ನ ಎತ್ತಿ ಹಿಡೀತು. 2012-14ರ ಡಸ್ಟರ್‌ಗಳಿಗೆ ಆ ಗಡುವು ಬಂದಿದ್ದು 2022-24ರಲ್ಲಿ. ದಿಲ್ಲಿ ನಂಬರಿನ ಗಾಡಿ ಅಗ್ಗಕ್ಕೆ ಸಿಗೋದರ ಹಿಂದೆ ಇದೂ ಒಂದು ಕಾರಣ. ಅಗ್ಗ ಅಂತ ತಗೊಳ್ಳೋ ಮುಂಚೆ ಕೂಡಿಸಿ ನೋಡಿ: ಅಲ್ಲಿನ ಆರ್‌ಟಿಓ ಎನ್‌ಓಸಿ (ಫಾರಂ 28) ಬೇಕು, 12 ತಿಂಗಳಿಗಿಂತ ಹೆಚ್ಚು ಇಲ್ಲಿಟ್ಕೊಂಡ್ರೆ ಕರ್ನಾಟಕ ನಂಬರ್ ಮಾಡಿಸ್ಬೇಕು, ಗಾಡಿ ವಯಸ್ಸಿಗೆ ತಕ್ಕ ಹಾಗೆ ಲೈಫ್‌ಟೈಮ್ ಟ್ಯಾಕ್ಸ್ ಕಟ್ಟಬೇಕು. ನಮ್ಮ ರಾಜ್ಯದ ಟ್ಯಾಕ್ಸ್ ಎಷ್ಟು ಭಾರ ಅಂತ ಗೊತ್ತಲ್ಲ!

6/8: ತಯಾರಿಕೆ ತಿಂಗಳು-ವರ್ಷ ಮತ್ತು ವೇರಿಯಂಟ್

ಫ್ಯಾಮಿಲಿಗೆ ಅಂತ ತಗೊಳ್ಳೋರು ಈ ಪೋಸ್ಟನ್ನ ಎರಡು ಸಲ ಓದಿ.

ದೊಡ್ಡ ಗಾಡಿ ಅಂದ್ರೆ ಸೇಫ್ ಅನ್ನೋ ನಂಬಿಕೆ ನಮ್ಮಲ್ಲಿ ಬೇರೂರಿದೆ. 2017ರಲ್ಲಿ ಗ್ಲೋಬಲ್ ಎನ್‌ಕ್ಯಾಪ್ ನಮ್ಮ ಡಸ್ಟರನ್ನ ಗುದ್ದಿಸಿ ಪರೀಕ್ಷೆ ಮಾಡ್ತು. ಏರ್‌ಬ್ಯಾಗ್ ಇಲ್ಲದ ಬೇಸ್ ಮಾಡೆಲ್‌ಗೆ ದೊಡ್ಡವರ ಸುರಕ್ಷತೆಯಲ್ಲಿ ಸೊನ್ನೆ ಸ್ಟಾರ್. ಡ್ರೈವರ್ ಏರ್‌ಬ್ಯಾಗ್ ಇದ್ದ ಮಾಡೆಲ್‌ಗೆ 3 ಸ್ಟಾರ್. ಗಾಡಿ ಅದೇ, ಕಬ್ಬಿಣ ಅದೇ. ವ್ಯತ್ಯಾಸ ಒಂದು ಚೀಲ.

ಡ್ರೈವರ್ ಏರ್‌ಬ್ಯಾಗ್ ಎಲ್ಲ ಕಾರಿಗೂ ಕಡ್ಡಾಯ ಆಗಿದ್ದು 2019ರ ಜುಲೈನಿಂದ. ಅಲ್ಲಿವರೆಗೆ ಜೀವ ಉಳಿಸೋ ಸಾಮಾನು ಮ್ಯೂಸಿಕ್ ಸಿಸ್ಟಮ್ ಥರ ಮೇಲಿನ ವೇರಿಯಂಟ್‌ನ ಅಲಂಕಾರ ಆಗಿತ್ತು. ಹಾಗಾಗಿ 2019ರ ಮುಂಚಿನ ಯಾವುದೇ ಕಂಪನಿಯ ಗಾಡಿ ನೋಡುವಾಗ ವೇರಿಯಂಟ್ ಕೇಳಿ. ಸ್ಟೇರಿಂಗ್ ಮೇಲೆ, ಡ್ಯಾಶ್‌ಬೋರ್ಡ್ ಮೇಲೆ ಏರ್‌ಬ್ಯಾಗ್ ಗುರುತು ಇದೆಯಾ ನೋಡಿ. ಕೀ ತಿರುಗಿಸಿದಾಗ ಏರ್‌ಬ್ಯಾಗ್ ದೀಪ ಹತ್ತಿ ಆರಬೇಕು. ಹತ್ತದೇ ಇದ್ರೂ ಅನುಮಾನ, ಆರದೇ ಇದ್ರೂ ಅನುಮಾನ. ಸನ್‌ರೂಫ್ ಇಲ್ಲ ಅಂತ ಚೌಕಾಸಿ ಮಾಡೋದಕ್ಕಿಂತ ಇದು ಮುಖ್ಯ.

ವಯಸ್ಸಿನ ಇನ್ನೊಂದು ಗುಟ್ಟು ಟೈಮಿಂಗ್ ಬೆಲ್ಟ್. ಈ ಡೀಸೆಲ್ ಎಂಜಿನ್‌ನಲ್ಲಿ ಇರೋದು ಚೈನ್ ಅಲ್ಲ, ರಬ್ಬರಿನ ಬೆಲ್ಟ್. ಓಡಿದ ಕಿ.ಮೀ. ಕಡಿಮೆ ಇದ್ರೂ ವರ್ಷ ಆದ್ರೆ ಬದಲಾಯಿಸ್ಬೇಕು. ಓಡುವಾಗ ಕಿತ್ತರೆ ಪಿಸ್ಟನ್ ಹೋಗಿ ವಾಲ್ವ್‌ಗೆ ಗುದ್ದುತ್ತೆ, ಎಂಜಿನ್ ಕೆಲಸ ಮೈಮೇಲೆ ಬರುತ್ತೆ. ಬೆಲ್ಟ್ ಬದಲಾಯಿಸಿದ ಬಿಲ್ ತೋರಿಸಿದ್ರೆ ನಂಬಿ. ಬರೀ ಬಾಯಿ ಮಾತಾದ್ರೆ, ಆ ಖರ್ಚನ್ನ ಬೆಲೆಯಲ್ಲಿ ಕಳೀರಿ.

7/8: ಮಾಲೀಕರ ಹೆಸರು

ಇಡೀ ಕಾರ್ಡಿನಲ್ಲಿ ಅತ್ಯಂತ ದುಬಾರಿ ಸಾಲು ಇದು. ಕೊಳ್ಳೋರಿಗಿಂತ ಮಾರೋರಿಗೆ ಹೆಚ್ಚು.

ನಮ್ಮಲ್ಲಿ ಗಾಡಿ ಮಾರೋ ರೂಢಿ ಹೇಗಿತ್ತು? ಬ್ರೋಕರ್ ಬರ್ತಾರೆ, ಖಾಲಿ ಫಾರಂ 29, 30ಕ್ಕೆ ಸಹಿ ಹಾಕಿಸ್ಕೊಳ್ತಾರೆ, ದುಡ್ಡು ಕೊಟ್ಟು ಕೀ ತಗೊಂಡು ಹೋಗ್ತಾರೆ. ಗಾಡಿ ಒಬ್ಬರ ಕೈಯಿಂದ ಇನ್ನೊಬ್ಬರಿಗೆ ಹೋಗ್ತಾನೇ ಇರುತ್ತೆ. ಹೆಸರು ಮಾತ್ರ ಹಳಬರದ್ದೇ. ನಾವು 'ಮಾರಿ ಆಯ್ತಲ್ಲ' ಅಂತ ಮರೆತುಬಿಡ್ತೀವಿ.

2018ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟ್ ಇಂಥದ್ದೇ ಒಂದು ಪ್ರಕರಣ ತೀರ್ಮಾನಿಸ್ತು. ಆರ್‌ಸಿಯಲ್ಲಿ ಹೆಸರಿದ್ದವರು ಗಾಡಿ ಮಾರಿ ಆಗಿತ್ತು, ಅದು ಹಲವು ಕೈ ದಾಟಿತ್ತು. 2009ರಲ್ಲಿ ಅಪಘಾತ ಆಗಿ ಒಂದು ಜೀವ ಹೋಯ್ತು. ಪರಿಹಾರ ಯಾರು ಕೊಡ್ಬೇಕು? ಕೋರ್ಟ್ ಹೇಳಿದ್ದು: ದಾಖಲೆಯಲ್ಲಿ ಯಾರ ಹೆಸರಿದೆಯೋ ಕಾನೂನಿನ ಕಣ್ಣಿಗೆ ಅವರೇ ಮಾಲೀಕರು, ಜವಾಬ್ದಾರಿ ಅವರದ್ದೇ. ಪೆಟ್ಟಾದವರು ಗಾಡಿ ಯಾರ್ಯಾರ ಕೈ ದಾಟಿದೆ ಅಂತ ಹುಡುಕಿಕೊಂಡು ಅಲೆಯೋ ಹಾಗಾಗಬಾರದು ಅನ್ನೋದು ಅದರ ತರ್ಕ. ನ್ಯಾಯವಾಗಿಯೇ ಇದೆ ಅಲ್ವಾ?

ಮೋಟಾರು ವಾಹನ ಕಾಯ್ದೆಯ 50ನೇ ಕಲಂ ಪ್ರಕಾರ, ರಾಜ್ಯದೊಳಗಿನ ಮಾರಾಟ ಆದ್ರೆ ಮಾರಿದವರು 14 ದಿನದೊಳಗೆ ಆರ್‌ಟಿಓಗೆ ತಿಳಿಸ್ಬೇಕು, ಕೊಂಡವರು 30 ದಿನದೊಳಗೆ. 2023ರ ಏಪ್ರಿಲ್‌ನಿಂದ ಹಳೇ ಗಾಡಿ ಡೀಲರ್‌ಗಳಿಗೂ ನಿಯಮ ಬಂದಿದೆ: ಆರ್‌ಟಿಓದಿಂದ ಅಧಿಕಾರ ಪತ್ರ ಪಡೀಬೇಕು, ಗಾಡಿ ಕೈಗೆ ತಗೊಂಡ ಮೇಲೆ ತಿಳಿಸ್ಬೇಕು, ಮಾರೋವರೆಗೂ ಅವರನ್ನೇ ಮಾಲೀಕರು ಅಂತ ಪರಿಗಣಿಸ್ತಾರೆ. ಹಾಗಾಗಿ ಡೀಲರ್‌ಗೆ ಕೊಡೋದಾದ್ರೆ ಆ ಅಧಿಕಾರ ಪತ್ರ ಕೇಳೋದರಲ್ಲಿ ಸಂಕೋಚ ಬೇಡ.

ಕೊಳ್ಳೋರಿಗೆ ಇನ್ನೆರಡು ಮಾತು. ಕಾರ್ಡಲ್ಲಿ ಬ್ಯಾಂಕಿನ ಹೆಸರಿದ್ರೆ ಸಾಲ ತೀರಿದ ಪತ್ರ ಮತ್ತು ಫಾರಂ 35 ಇಲ್ಲದೆ ಪೂರ್ತಿ ದುಡ್ಡು ಕೊಡಬೇಡಿ. ಇನ್ಶೂರೆನ್ಸನ್ನೂ 14 ದಿನದೊಳಗೆ ನಿಮ್ಮ ಹೆಸರಿಗೆ ಮಾಡ್ಕೊಳ್ಳಿ. ಹಳಬರ ನೋ ಕ್ಲೇಮ್ ಬೋನಸ್ ಅವರ ಜೊತೆ ಹೋಗುತ್ತೆ, ಗಾಡಿ ಜೊತೆ ಬರಲ್ಲ.

8/8: ನೋಂದಣಿ ಮಾನ್ಯತೆ

ಖಾಸಗಿ ಕಾರಿನ ನೋಂದಣಿ 15 ವರ್ಷ. 2012ರ ಜುಲೈನಲ್ಲಿ ರಸ್ತೆಗಿಳಿದ ಮೊದಲ ಡಸ್ಟರ್‌ಗಳಿಗೆ ಅದು 2027ರ ಜುಲೈಗೆ ತುಂಬುತ್ತೆ. ಆಮೇಲೆ ಗಾಡಿ ತೋರಿಸಿ, ಪಾಸಾದ್ರೆ 5 ವರ್ಷ ಮುಂದುವರಿಕೆ. ಈ ನವೀಕರಣದ ಶುಲ್ಕ ಮೊದಲು 600 ರೂಪಾಯಿ ಇತ್ತು. 2022ರ ಏಪ್ರಿಲ್‌ನಲ್ಲಿ ಒಂದೇ ಏಟಿಗೆ 5,000 ಆಯ್ತು. ಹಳೇ ಗಾಡಿ ಬಿಡಿಸೋದು ಸರ್ಕಾರದ ಉದ್ದೇಶ, ಮುಚ್ಚುಮರೆ ಏನಿಲ್ಲ. ಹಾಗಾಗಿ 12-13 ವರ್ಷದ ಗಾಡಿಗೆ ಬೆಲೆ ಕಟ್ಟುವಾಗ ಉಳಿದಿರೋ ವರ್ಷಗಳನ್ನ ಎಣಿಸಿ ಕಟ್ಟಿ.

ಅಗ್ಗದ ಡೀಸೆಲ್ಲಿಗೆ ಹುಟ್ಟಿ, ತೆರಿಗೆ ಗೆರೆಯ ಪಕ್ಕದಲ್ಲಿ ಬೆಳೆದು, ಹೊಗೆ ನಿಯಮಕ್ಕೆ ನಿಂತ ಗಾಡಿ ಇದು. ಇಷ್ಟೆಲ್ಲ ಆದ್ರೂ ಚಾರ್ಮಾಡಿ, ಆಗುಂಬೆ ಕಡೆ ಹೋದ್ರೆ ಇವತ್ತಿಗೂ ಡಸ್ಟರ್ ಎದುರಾಗುತ್ತೆ. ಚೆನ್ನಾಗಿ ನೋಡ್ಕೊಂಡ ಒಂದು ಸಿಕ್ಕಿದ್ರೆ ಖಂಡಿತ ನೋಡಿ. ಕಾರ್ಡು ಓದಿ, ಆಮೇಲೆ ಬಾನೆಟ್ ಎತ್ತಿ.

ನೀವು ಹಿಂದೆ ಮಾರಿದ ಗಾಡಿ ಈಗ ಯಾರ ಹೆಸರಲ್ಲಿದೆ ಅಂತ ಇವತ್ತೇ ಎಂ-ಪರಿವಾಹನ್ ಆ್ಯಪ್‌ನಲ್ಲಿ ಒಮ್ಮೆ ಚೆಕ್ ಮಾಡಿ. ಗಾಡಿ ಹುಡುಕ್ತಿರೋ ಗೆಳೆಯರಿಗೆ ಈ ಪೋಸ್ಟ್ ಕಳಿಸಿ. ಮುಂದಿನ ಕಂತು: ಬಿಡದಿ ಮತ್ತು ಕ್ವಾಲಿಸ್.

#ರಸ್ತೆಚರಿತ್ರೆ #ಹಳೇಗಾಡಿ #ಡಸ್ಟರ್ #ಕನ್ನಡ