ಸ್ವೆಟರ್ ತೊಟ್ಟ ನೆರೆಮನೆಯಾತ

ಟೆಲಿವಿಷನ್ ಮೇಲಿನ ಸಿಟ್ಟಿನಿಂದಲೇ ಟೆಲಿವಿಷನ್ ಸೇರಿದವರು ಅಮೆರಿಕದ ಫ್ರೆಡ್ ರೋಜರ್ಸ್. 1951ರಲ್ಲಿ ಸಂಗೀತದ ಪದವಿ ಮುಗಿಸುವ ಹೊತ್ತಿಗೆ ಅವರ ತಂದೆತಾಯಿಯ ಮನೆಗೆ ಆ ಪೆಟ್ಟಿಗೆ ಬಂದಿತ್ತು. ಮಕ್ಕಳ ಕಾರ್ಯಕ್ರಮವೆಂದು ತೋರಿಸುತ್ತಿದ್ದುದು ಒಬ್ಬರ ಮುಖಕ್ಕೊಬ್ಬರು ತಿಂಡಿ ಎರಚಿ ನಗುವ ಆಟ. ಇಂಥ ಅದ್ಭುತ ಸಾಧನ ಇದಕ್ಕೇ ಏಕೆ ಬಳಕೆಯಾಗಬೇಕು ಎಂಬುದು ಅವರ ಪ್ರಶ್ನೆ.

ನ್ಯೂಯಾರ್ಕಿನ ಎನ್‌ಬಿಸಿಯಲ್ಲಿ ಕೆಲಸ ಕಲಿತು, 1953ರಲ್ಲಿ ಪಿಟ್ಸ್‌ಬರ್ಗಿನ ಸಾರ್ವಜನಿಕ ಕೇಂದ್ರವೊಂದನ್ನು ಸೇರಿದರು. ಅಲ್ಲಿ ಏಳು ವರ್ಷ ಅವರ ಮುಖ ಹೆಚ್ಚಾಗಿ ತೆರೆಗೆ ಬರಲೇ ಇಲ್ಲ. ಜೋಸಿ ಕೇರಿ ಎಂಬಾಕೆ ಮುಂದೆ ನಿಂತು ಮಾತಾಡಿದರೆ, ರೋಜರ್ಸ್ ಹಿಂದೆ ಕುಳಿತು ಗೊಂಬೆಗಳನ್ನು ಆಡಿಸುತ್ತಿದ್ದರು, ಆರ್ಗನ್ ನುಡಿಸುತ್ತಿದ್ದರು. ನೇರ ಪ್ರಸಾರವಾದ್ದರಿಂದ ಅತ್ತಿತ್ತ ಓಡುವಾಗ ಸದ್ದಾಗಬಾರದೆಂದು ಕ್ಯಾನ್ವಾಸ್ ಷೂ ಹಾಕಿಕೊಂಡರು. ಮುಂದೆ ಅವರ ಗುರುತೇ ಆದ ಷೂ ಹುಟ್ಟಿದ್ದು ಹೀಗೆ. ನಡುವೆ ದೈವಶಾಸ್ತ್ರ ಓದಿ 1963ರಲ್ಲಿ ಪಾದ್ರಿಯಾದರೂ ತೆರೆಯ ಮೇಲೆ ಧರ್ಮೋಪದೇಶಕ್ಕೆ ಕೈಹಾಕಲಿಲ್ಲ.

1968ರ ಫೆಬ್ರವರಿ 19ರಂದು 'ಮಿಸ್ಟರ್ ರೋಜರ್ಸ್ ನೇಬರ್‌ಹುಡ್' ದೇಶಾದ್ಯಂತ ಆರಂಭವಾಯಿತು. ಮನೆಗೆ ಬರುವುದು, ಕೋಟು ತೆಗೆದು ಸ್ವೆಟರ್ ತೊಡುವುದು, ಷೂ ಬದಲಿಸುವುದು, ಮೀನಿಗೆ ಆಹಾರ ಹಾಕುವುದು. ಯಾವುದಕ್ಕೂ ಅವಸರವಿಲ್ಲ. ಮೀನಿಗೆ ಹಾಕುವಾಗ ಅದನ್ನು ಬಾಯಿಬಿಟ್ಟು ಹೇಳುತ್ತಿದ್ದರು, ಏಕೆ ಗೊತ್ತೆ? ಕಣ್ಣು ಕಾಣದ ಹುಡುಗಿಯೊಬ್ಬಳ ಮನೆಯಿಂದ, ಮೀನು ಹಸಿದಿರಬಹುದೆಂದು ಅವಳು ಕಳವಳಪಡುತ್ತಾಳೆಂಬ ಪತ್ರ ಬಂದಿತ್ತು.

ಅದೇ ವರ್ಷ ರಾಬರ್ಟ್ ಕೆನಡಿಯ ಹತ್ಯೆಯಾದಾಗ ಗೊಂಬೆ ಹುಲಿಯ ಬಾಯಲ್ಲಿ ಹತ್ಯೆ ಎಂದರೇನೆಂಬ ಪ್ರಶ್ನೆ ಕೇಳಿಸಿದರು. ಮಕ್ಕಳಿಂದ ಮುಚ್ಚಿಡುವುದಕ್ಕಿಂತ ಮಾತಾಡುವುದೇ ಮೇಲೆಂಬುದು ಅವರ ನಂಬಿಕೆ.

ಮರುವರ್ಷ ಕಾರ್ಯಕ್ರಮದ ಬುಡಕ್ಕೇ ಕುತ್ತು ಬಂತು. ಸಾರ್ವಜನಿಕ ಪ್ರಸಾರಕ್ಕೆ ಸಿಗಬೇಕಿದ್ದ 2 ಕೋಟಿ ಡಾಲರನ್ನು ಮೊಟಕುಗೊಳಿಸುವ ಇರಾದೆ ನಿಕ್ಸನ್ ಸರ್ಕಾರಕ್ಕಿತ್ತು. 1969ರ ಮೇ 1ರಂದು ರೋಜರ್ಸ್ ಸೆನೆಟ್ ಉಪಸಮಿತಿಯ ಮುಂದೆ ಕುಳಿತರು. ಅಧ್ಯಕ್ಷ ಜಾನ್ ಪಾಸ್ಟೋರ್ ಬಿರುಸಿನ ಮನುಷ್ಯ, ಎರಡು ದಿನದ ಹೇಳಿಕೆಗಳಿಂದ ಬೇಸತ್ತಿದ್ದರು. ರೋಜರ್ಸ್ ಬರೆದು ತಂದದ್ದನ್ನು ಓದದೆ ಮೆಲ್ಲನೆ ಮಾತಾಡಿದರು. ತಮ್ಮ ಒಂದು ಕಂತಿನ ವೆಚ್ಚ 6000 ಡಾಲರ್, ಅಷ್ಟು ಹಣಕ್ಕೆ ಎರಡು ನಿಮಿಷದ ಕಾರ್ಟೂನೂ ಬಾರದು ಎಂದರು. ಸಿಟ್ಟು ಬಂದಾಗ ಏನು ಮಾಡಬೇಕೆಂದು ಮಕ್ಕಳಿಗಾಗಿ ಬರೆದ ಹಾಡಿನ ಮಾತುಗಳನ್ನು ಹೇಳಿದರು. ಮೈ ನವಿರೆದ್ದಿತೆಂದು ಒಪ್ಪಿಕೊಂಡ ಪಾಸ್ಟೋರ್, 2 ಕೋಟಿ ಡಾಲರ್ ನಿಮ್ಮದಾಯಿತು ಎಂಬರ್ಥದ ಮಾತಾಡಿದರು. ಅಂಕಿಅಂಶಗಳಿಂದ ಆಗದ ಕೆಲಸ ಸುಮಾರು ಏಳು ನಿಮಿಷದಲ್ಲಿ ಆಗಿತ್ತು.

ಕೆಲವೇ ದಿನಗಳಲ್ಲಿ ಇನ್ನೊಂದು ಧೈರ್ಯದ ಕೆಲಸ. ಕರಿಯರಿಗೆ ಈಜುಕೊಳ ಪ್ರವೇಶ ಇನ್ನೂ ಜಗಳದ ವಿಷಯವಾಗಿದ್ದ ಕಾಲವದು. ಪೊಲೀಸನ ಪಾತ್ರದ ಕರಿಯ ಗಾಯಕ ಫ್ರಾಂಸ್ವಾ ಕ್ಲೆಮನ್ಸ್‌ರನ್ನು ಕರೆದು, ಪುಟ್ಟ ತೊಟ್ಟಿಯಲ್ಲಿ ಜೊತೆಯಾಗಿ ಕಾಲಿಟ್ಟು ಕುಳಿತರು. ಭಾಷಣವಿಲ್ಲ, ಟವೆಲ್ ಮಾತ್ರ ಒಂದೇ.

ಆದರೆ ಆ ಧೈರ್ಯಕ್ಕೂ ಎಲ್ಲೆಯಿತ್ತು. ಕ್ಲೆಮನ್ಸ್ ಸಲಿಂಗಾನುರಾಗಿ, ಅದು ಹೊರಬಿದ್ದರೆ ಕಾರ್ಯಕ್ರಮದಲ್ಲಿ ಉಳಿಯಲಾಗದೆಂದು ರೋಜರ್ಸ್ ಎಚ್ಚರಿಸಿದ್ದನ್ನು ಕ್ಲೆಮನ್ಸ್ ಮುಂದೆ ತಾವೇ ಹೇಳಿಕೊಂಡಿದ್ದಾರೆ. ನೋವಿತ್ತು, ಸ್ನೇಹ ಮುರಿಯಲಿಲ್ಲ. 1993ರಲ್ಲಿ ಇಬ್ಬರೂ ಮತ್ತೆ ತೊಟ್ಟಿಯಲ್ಲಿ ಕಾಲಿಟ್ಟರು. ಈ ಸಲ ಕ್ಲೆಮನ್ಸ್ ಪಾದಗಳನ್ನು ರೋಜರ್ಸ್ ತಾವೇ ಒರೆಸಿದರು.