ಒಲೆಯ ಕೋಣೆ ಪಡಖಾನೆಯಾದ ಕಥೆ

ಪಂಪು ಹೊಡೆದು ಹೊತ್ತಿಸುವ ಸೀಮೆಎಣ್ಣೆ ಸ್ಟೌ ಕರ್ನಾಟಕದ ಅಡುಗೆಮನೆಗಳಿಂದ ಹೆಚ್ಚುಕಡಿಮೆ ಮಾಯವಾಗಿದೆ. ಆದರೆ ‘ಸ್ಟೌ’ ಎಂಬ ಮಾತು ಮಾಯವಾಗಿಲ್ಲ. ಗ್ಯಾಸಿನ ಒಲೆಗೂ ಅದೇ ಹೆಸರು ಅಂಟಿಕೊಂಡಿದೆ. ಇಂಗ್ಲಿಷಿನ ಮೂಲಕ ಕನ್ನಡಕ್ಕೆ ಬಂದ ಈ ಪದಕ್ಕೆ ಜರ್ಮನ್ ಭಾಷೆಯಲ್ಲಿ ಒಬ್ಬ ದಾಯಾದಿ ಇದ್ದಾನೆ. ಅವನ ಹೆಸರು ‘ಷ್ಟೂಬೆ’. ಬಿಯರ್ ಕುಡಿಯುವ ಜಾಗವಾದರೆ ‘ಬಿಯರ್‌ಷ್ಟೂಬೆ’, ದ್ರಾಕ್ಷಾರಸದ ಜಾಗವಾದರೆ ‘ವೈನ್‌ಷ್ಟೂಬೆ’.

ಇಂಗ್ಲಿಷ್ ನಿಘಂಟುಗಳು ಬಿಯರ್‌ಷ್ಟೂಬೆಯನ್ನು ತಮ್ಮ ಪದಗಳ ಸಾಲಿಗೆ ಸೇರಿಸಿಕೊಂಡಿವೆ. ಜರ್ಮನ್ ಮಾದರಿಯ ಪಾನಗೃಹ ಎಂದು ಅರ್ಥ ಹೇಳಿ ಮುಗಿಸುತ್ತವೆ. ಆದರೆ ಆ ಹೆಸರು ಕೇಳಿದಾಗ ಅಮೆರಿಕದವನೊಬ್ಬನ ಮನಸ್ಸಿಗೆ ಬರುವ ಚಿತ್ರ ಅಷ್ಟಕ್ಕೇ ನಿಲ್ಲುವುದಿಲ್ಲ. ತಗ್ಗಾದ ಮಾಳಿಗೆ, ಮರದ ಹಲಗೆ ಹೊದಿಸಿದ ಗೋಡೆ, ಉದ್ದನೆಯ ಬೆಂಚು, ಹೊರಗೆ ಬೀಳುತ್ತಿರುವ ಹಿಮ, ಒಳಗೆ ಹಿತವಾದ ಬಿಸಿ. ಬೆಚ್ಚಗೆ ಕುಳಿತು ನಾಲ್ಕು ಜನರೊಡನೆ ಹರಟುವ ಜಾಗ ಅದು. ಅಡುಗೆಮನೆಯ ಒಲೆಗೂ ಈ ಜಾಗಕ್ಕೂ ನಂಟು ಬೆಳೆದದ್ದು ಹೇಗೆ?

ಉತ್ತರ ಹೊಗೆಯಲ್ಲಿದೆ. ಮಧ್ಯಯುಗದ ಯೂರೋಪಿನ ಸಾಮಾನ್ಯ ಮನೆಗಳಲ್ಲಿ ಬೆಂಕಿ ಇದ್ದಲ್ಲಿ ಹೊಗೆಯೂ ಇರಲೇಬೇಕಿತ್ತು. ಚಳಿ ತಡೆಯಲು ಒಲೆಯ ಬಳಿ ಕುಳಿತರೆ ಕಣ್ಣುರಿ. ಹೊಗೆ ಹೋಗಲೆಂದು ಬಾಗಿಲು ತೆರೆದರೆ ಚಳಿ. ಆಲ್ಪ್ಸ್ ಪರ್ವತ ಸೀಮೆಯ ಮತ್ತು ದಕ್ಷಿಣ ಜರ್ಮನಿಯ ಜನ ಇದಕ್ಕೊಂದು ಜಾಣ ಉಪಾಯ ಕಂಡುಕೊಂಡರು. ಕೋಣೆಯ ಒಳಗೆ ಮಣ್ಣಿನ ಅಥವಾ ಸುಟ್ಟ ಬಿಲ್ಲೆಗಳ ದೊಡ್ಡ ಒಲೆ ಕಟ್ಟಿದರು. ಅದರ ಬಾಯನ್ನು ಮಾತ್ರ ಗೋಡೆಯಾಚೆಯ ಅಡುಗೆಮನೆಗೆ ತೆರೆದರು. ಸೌದೆ, ಬೂದಿ, ಹೊಗೆ ಎಲ್ಲ ಆ ಕಡೆಗೆ; ಬಿಸಿ ಮಾತ್ರ ಈ ಕಡೆಗೆ. ನಮ್ಮ ಕೆಲವು ಹಳೆಯ ಮನೆಗಳಲ್ಲಿ ಬಚ್ಚಲಿನ ಹಂಡೆಗೆ ಹೊರಗಿನಿಂದ ಉರಿ ಹಾಕುತ್ತಿದ್ದುದನ್ನು ನೆನಪಿಸಿಕೊಂಡರೆ ಈ ಏರ್ಪಾಡು ಸುಲಭವಾಗಿ ಅರ್ಥವಾದೀತು. ಹೀಗೆ ಹೊಗೆಯಿಲ್ಲದೆ ಬೆಚ್ಚಗಿದ್ದ ಕೋಣೆಯೇ ಷ್ಟೂಬೆ.

ರೈತನ ಮನೆಯಲ್ಲಿ ಅಂಥ ಕೋಣೆ ಇರುತ್ತಿದ್ದುದು ಸಾಮಾನ್ಯವಾಗಿ ಒಂದೇ. ಆದ್ದರಿಂದ ಚಳಿಗಾಲವಿಡೀ ಮನೆಯ ಬಾಳೆಲ್ಲ ಅಲ್ಲೇ ನಡೆಯಬೇಕಿತ್ತು. ನೂಲುವುದು, ಹೊಲಿಯುವುದು, ಉಣ್ಣುವುದು, ಪ್ರಾರ್ಥನೆ, ಮಕ್ಕಳ ಗಲಾಟೆ ಎಲ್ಲವೂ ಅಲ್ಲೇ. ಒಲೆಯ ಸುತ್ತಲಿನ ಕಟ್ಟೆ ಮುದುಕರಿಗೆ ಮೀಸಲು. ಕ್ಯಾಥೊಲಿಕ್ ಊರುಗಳಲ್ಲಿ ಒಲೆಗೆ ಎದುರಿನ ಮೂಲೆ ದೇವರದು. ಅಲ್ಲಿ ಶಿಲುಬೆ, ಅದರ ಕೆಳಗೆ ಊಟದ ಮೇಜು. ಟಿರೋಲ್ ಪ್ರಾಂತದಲ್ಲಿ ಸುವಾಸನೆಯ ಪೈನ್ ಮರದ ಹಲಗೆಗಳನ್ನು ಗೋಡೆಗೆ ಹೊದಿಸುತ್ತಿದ್ದರು. ಇಂದಿನ ಹೋಟೆಲುಗಳು ಅಲಂಕಾರಕ್ಕೆಂದು ಮಾಡಿಸುವ ಹಲಗೆ ಗೋಡೆ ಅಂದು ಬಿಸಿ ಉಳಿಸುವ ಸಾಧನವಾಗಿತ್ತು.

ಪದದ ಮೂಲದ ಬಗ್ಗೆ ಪಂಡಿತರಲ್ಲಿ ಒಮ್ಮತವಿಲ್ಲ. ಹಬೆ, ಹೊಗೆ ಎಂಬ ಅರ್ಥದ ಗ್ರೀಕ್ ಶಬ್ದವೊಂದು ಲ್ಯಾಟಿನ್ ಮೂಲಕ ಬಂದು ಹೀಗಾಯಿತೆನ್ನುವವರು ಕೆಲವರು. ಜರ್ಮನ್ ಭಾಷಾವರ್ಗದ ಸ್ವಂತ ಪದವೇ ಎನ್ನುವವರು ಕೆಲವರು. ಹಳೆಯ ಕಾಲದಲ್ಲಿ ಅದು ಬಿಸಿಮಾಡಿದ ಸ್ನಾನದ ಮನೆಗೂ ಹೆಸರಾಗಿತ್ತೆಂಬುದು ಮಾತ್ರ ಖಚಿತ. ಅಲ್ಲಿಂದ ಅದು ಯೂರೋಪಿನ ಉದ್ದಗಲಕ್ಕೂ ಸಂಚರಿಸಿತು. ಆದರೆ ಒಂದೊಂದು ಭಾಷೆ ಒಂದೊಂದು ತುಂಡನ್ನು ಎತ್ತಿಕೊಂಡಿತು. ಹಂಗೇರಿಯ ಜನ, ಸರ್ಬಿಯದವರು, ಎಸ್ಟೋನಿಯದವರು ಕೋಣೆಯನ್ನು ತೆಗೆದುಕೊಂಡರು. ಅವರ ‘ಸೊಬಾ’, ‘ತುಬಾ’ ಎಂದರೆ ಕೊಠಡಿ. ತುರ್ಕಿಗೆ ಅದೇ ‘ಸೊಬಾ’ ಹೋದಾಗ ಕೋಣೆ ಕಳಚಿ ಒಲೆ ಉಳಿಯಿತು. ಇಟಲಿಯ ‘ಸ್ತೂಫಾ’, ಸ್ಪೇನಿನ ‘ಎಸ್ತೂಫಾ’ ಕೂಡ ಒಲೆಗಳೇ. ಇಂಗ್ಲಿಷಿನ ‘ಸ್ಟೌ’ ಮೊದಲು ಬಿಸಿ ಕೋಣೆಯೇ ಆಗಿದ್ದು ಆಮೇಲೆ ಅದನ್ನು ಕಾಯಿಸುವ ಸಾಧನವಾಯಿತು. ಫ್ರೆಂಚ್ ದಾರಿಯಾಗಿ ಬಂದ ಇನ್ನೊಂದು ಕವಲು ಇಂಗ್ಲಿಷಿನಲ್ಲಿ ‘ಸ್ಟ್ಯೂ’ ಆಗಿದೆ. ಇಂದು ಅದು ಬೇಯಿಸಿದ ಖಾದ್ಯ. ಹಿಂದೆ ಅದಕ್ಕೆ ಬಿಸಿನೀರಿನ ಸ್ನಾನಗೃಹವೆಂಬ ಅರ್ಥವಿತ್ತು. ಆ ಸ್ನಾನಗೃಹಗಳ ಕೀರ್ತಿ ಎಂಥದ್ದಿತ್ತೆಂದರೆ, ಕೊನೆಗೆ ಪದಕ್ಕೆ ವೇಶ್ಯಾಗೃಹವೆಂಬ ಅರ್ಥವೂ ಸೇರಿಕೊಂಡಿತು!

ಕೋಣೆ ಯಾವುದು, ಒಲೆ ಯಾವುದು ಎಂಬ ಈ ಗೊಂದಲ ತತ್ತ್ವಶಾಸ್ತ್ರವನ್ನೂ ಬಿಟ್ಟಿಲ್ಲ. ಫ್ರೆಂಚರಲ್ಲಿ ಷ್ಟೂಬೆಗೆ ಸರಿಸಾಟಿಯಾದ ಪದವಿರಲಿಲ್ಲ. ಒಲೆಗಿದ್ದ ‘ಪ್ವಾಲ್’ ಎಂಬ ಹೆಸರನ್ನೇ ಕೋಣೆಗೂ ಬಳಸುತ್ತಿದ್ದರು. 1619ರ ಚಳಿಗಾಲದಲ್ಲಿ ದಾರ್ಶನಿಕ ರೆನೆ ಡೆಕಾರ್ಟ್ ಸೈನಿಕನಾಗಿ ಜರ್ಮನಿಯಲ್ಲಿದ್ದ. ಹಗಲೆಲ್ಲ ಒಬ್ಬನೇ ಒಂದು ‘ಪ್ವಾಲ್’ನಲ್ಲಿ ಕುಳಿತು ಚಿಂತಿಸಿದೆನೆಂದು 1637ರ ತನ್ನ ಗ್ರಂಥದಲ್ಲಿ ಬರೆದ. ಆಧುನಿಕ ತತ್ತ್ವಚಿಂತನೆ ಹುಟ್ಟಿದ್ದು ಆ ಬೆಚ್ಚನೆಯ ಕೋಣೆಯಲ್ಲಿ ಎನ್ನುವವರುಂಟು. ಆದರೆ ಇಂಗ್ಲಿಷ್ ಓದುಗರಿಗೆ ಸಿಕ್ಕಿದ್ದು, ಮಹಾನುಭಾವ ಒಲೆಯೊಳಗೇ ಹೊಕ್ಕು ಕುಳಿತಿದ್ದನೆಂಬ ಚಿತ್ರ. ಬರ್ಟ್ರಂಡ್ ರಸೆಲ್ 1945ರಲ್ಲಿ ಪ್ರಕಟಿಸಿದ ತತ್ತ್ವಶಾಸ್ತ್ರದ ಇತಿಹಾಸದಲ್ಲಿ ಹಾಗೆಯೇ ಬರೆದು, ಬವೇರಿಯದ ಹಳೆಯ ಮನೆಗಳನ್ನು ಬಲ್ಲವರು ಇದನ್ನು ನಂಬುತ್ತಾರೆಂಬ ಅಡಿಟಿಪ್ಪಣಿಯನ್ನೂ ಸೇರಿಸಿದರು. ಗಂಭೀರ ಮುಖದ ತಮಾಷೆಯಲ್ಲಿ ರಸೆಲ್‌ಗೆ ಸಾಟಿಯಿರಲಿಲ್ಲ.

ಹೊರಗಿನವರಿಗೆ ಈ ಕೋಣೆ ಯಾವಾಗಲೂ ಹಿತವೆನಿಸುತ್ತಿತ್ತೆಂದು ತಿಳಿಯಬಾರದು. ಹಾಲೆಂಡಿನ ವಿದ್ವಾಂಸ ಎರಾಸ್ಮಸ್ ಜರ್ಮನ್ ತಂಗುಮನೆಗಳನ್ನು ಕುರಿತು 1523ರಲ್ಲಿ ಒಂದು ಹಾಸ್ಯ ಸಂವಾದ ಬರೆದ. ಕಾದ ಕೋಣೆಯೊಂದರಲ್ಲಿ ಎಂಬತ್ತು ತೊಂಬತ್ತು ಜನ: ವರ್ತಕರು, ಸವಾರರು, ನಾವಿಕರು, ಹೆಂಗಸರು, ಮಕ್ಕಳು. ಒದ್ದೆ ಬೂಟು ಒಣಗಿಸುವವರೊಬ್ಬರು, ತಲೆ ಬಾಚುವವರೊಬ್ಬರು, ಬೆಳ್ಳುಳ್ಳಿ ತೇಗುವವರು ಮತ್ತೊಬ್ಬರು. ಉಸಿರುಕಟ್ಟಿ ಕಿಟಕಿ ತೆರೆದರೆ ಮುಚ್ಚೆಂದು ಬೊಬ್ಬೆ. ತಡೆಯಲಾಗದೆಂದರೆ ಬೇರೆ ಮನೆ ನೋಡಿಕೋ ಎಂಬ ಜವಾಬು. ಎರಾಸ್ಮಸ್ ಗೇಲಿ ಮಾಡಲು ಬರೆದ ಈ ಚಿತ್ರದಲ್ಲೇ ಒಂದು ದೊಡ್ಡ ಮಾತು ಅಡಗಿದೆ. ಶ್ರೀಮಂತ, ಬಡವ ಎನ್ನದೆ ಎಲ್ಲರೂ ಒಂದೇ ಒಲೆಯ ಸುತ್ತ ಕೂರಬೇಕಿತ್ತು. ಚಳಿಗೆ ಅಂತಸ್ತು ತಿಳಿಯದಲ್ಲ!

ಊರುಗಳಲ್ಲಿ ಮಾತ್ರ ಅಂತಸ್ತು ಬೇಗನೆ ಒಳಬಂತು. ಕಸುಬುದಾರರ ಸಂಘಗಳೂ ದೊಡ್ಡ ವರ್ತಕ ಮನೆತನಗಳೂ ತಮ್ಮ ತಮ್ಮ ‘ಟ್ರಿಂಕ್‌ಷ್ಟೂಬೆ’ಗಳನ್ನು, ಅಂದರೆ ಕುಡಿಯುವ ಕೋಣೆಗಳನ್ನು, ಕಟ್ಟಿಕೊಂಡವು. ಅಲ್ಲಿ ಕುಡಿತ ಒಂದು ನೆಪ. ಲೆಕ್ಕಪತ್ರ, ಜಗಳ ತೀರ್ಮಾನ, ಹೆಣ್ಣು ಗಂಡಿನ ಮಾತುಕತೆ ಎಲ್ಲ ಅಲ್ಲೇ ನಡೆಯುತ್ತಿದ್ದವು. ಯಾರ ಕೋಣೆಯಲ್ಲಿ ನಿನಗೆ ಕೂರಲು ಹಕ್ಕಿದೆ ಎಂಬುದರಿಂದ ಊರಿನಲ್ಲಿ ನಿನ್ನ ಸ್ಥಾನ ಗೊತ್ತಾಗುತ್ತಿತ್ತು. ರೋಥನ್‌ಬುರ್ಗ್ ಎಂಬ ಕೋಟೆಯ ಊರಿನಲ್ಲಿ 1446ರಲ್ಲಿ ಕಟ್ಟಿದ ಪುರಸಭಾ ಸದಸ್ಯರ ಟ್ರಿಂಕ್‌ಷ್ಟೂಬೆ ಇಂದಿಗೂ ನಿಂತಿದೆ. ಅದರ ಮುಖದ ಗಡಿಯಾರದಲ್ಲಿ ಗೊಂಬೆಯೊಂದು ಪಾತ್ರೆ ಎತ್ತಿ ಕುಡಿಯುವುದನ್ನು ನೋಡಲು ಪ್ರವಾಸಿಗರು ಕತ್ತು ನೋಯಿಸಿಕೊಳ್ಳುತ್ತಾರೆ. 1631ರಲ್ಲಿ ಊರನ್ನು ಗೆದ್ದ ಸೇನಾಪತಿ ಟಿಲ್ಲಿಯ ಎದುರು ಮಾಜಿ ಪುರಾಧ್ಯಕ್ಷ ಮೂರೂಕಾಲು ಲೀಟರ್ ದ್ರಾಕ್ಷಾರಸವನ್ನು ಒಂದೇ ಗುಟುಕಿಗೆ ಕುಡಿದು ಊರನ್ನು ಉಳಿಸಿದನೆಂಬ ಕಥೆಯ ಗೊಂಬೆ ಅದು. ಕಥೆಗೆ ಚರಿತ್ರೆಯ ಆಧಾರವಿಲ್ಲ. ಗೊಂಬೆಗಳನ್ನು ಇಟ್ಟದ್ದೂ 1910ರಲ್ಲಿ.

ಇಂದಿನ ಜರ್ಮನಿಯಲ್ಲಿ ಮನೆಯ ನಡುಕೋಣೆಗೆ ಬೇರೆ ಹೆಸರು ಬಂದಿದೆ. ಷ್ಟೂಬೆ ಎನ್ನುವುದು ಕೆಲವು ಪ್ರಾಂತಗಳ ಆಡುಮಾತು ಅಥವಾ ಹಿರಿಯರ ಮಾತು. ಅದು ಹಳತಾದಷ್ಟೂ ಪಡಖಾನೆಗಳ ಫಲಕದ ಮೇಲೆ ಬೆಲೆ ಏರಿದೆ. ಮೂಲೆಯ ಸಾಧಾರಣ ಕುಡಿತದ ಜಾಗಕ್ಕೆ ‘ಕ್ನೈಪೆ’ ಎನ್ನುತ್ತಾರೆ. ಷ್ಟೂಬೆ ಎಂದು ಬರೆಸಿದರೆ ಅಜ್ಜನ ಮನೆಯ ಬಿಸುಪು ಇಲ್ಲಿದೆ ಎಂಬ ಸೂಚನೆ. ನಡತೆ ಬಲ್ಲ ಮನುಷ್ಯನಿಗೆ ಒಳ್ಳೆಯ ‘ಕಿಂಡರ್‌ಷ್ಟೂಬೆ’ ಸಿಕ್ಕಿತ್ತು, ಅಂದರೆ ಬಾಲ್ಯದ ಕೋಣೆ ಚೆನ್ನಾಗಿತ್ತು, ಎಂದು ಹೊಗಳುವುದೂ ಉಂಟು. ಆದರೆ ಪದಗಳಿಗೆ ಒಳ್ಳೆಯ ನೆನಪು ಮಾತ್ರ ಇರುವುದಿಲ್ಲ. ಸೈನಿಕರ ಬಿಡಾರದ ಕೊಠಡಿಗೂ ಷ್ಟೂಬೆ ಎನ್ನುತ್ತಿದ್ದರು. ನಾಜಿಗಳ ಯಾತನಾ ಶಿಬಿರಗಳಲ್ಲಿ ಕೈದಿಗಳ ಕೊಠಡಿಯ ಮೇಲ್ವಿಚಾರಣೆಗೆ ನೇಮಿಸಿದ ಕೈದಿಯ ಪದನಾಮದಲ್ಲಿ ಇದ್ದದ್ದೂ ಇದೇ ಪದ. ಬದುಕಿ ಬಂದವರ ಬರಹಗಳಲ್ಲಿ ಅದನ್ನು ಓದುವಾಗ ಬಿಯರಿನ ನೆನಪಾಗದು.

ಅಮೆರಿಕಕ್ಕೆ ಈ ಮಾತನ್ನು ಒಯ್ದವರು 19ನೆಯ ಶತಮಾನದ ವಲಸೆಗಾರರು. ಭಾನುವಾರ ಮಧ್ಯಾಹ್ನ ಹೆಂಡತಿ ಮಕ್ಕಳ ಸಮೇತ ಕುಳಿತು ಬಿಯರ್ ಕುಡಿಯುವುದು ಅವರ ವಾಡಿಕೆ. ಭಾನುವಾರವನ್ನು ದೇವರಿಗೆ ಬಿಡಬೇಕೆಂಬುದು ಅಲ್ಲಿನ ಹಳೆಯ ಪ್ರಾಟೆಸ್ಟಂಟರ ಕಟ್ಟುನಿಟ್ಟು. 1855ರಲ್ಲಿ ಷಿಕಾಗೋ ನಗರದ ಮೇಯರ್ ಲೀವೈ ಬೂನ್ ಪಾನಗೃಹಗಳ ಪರವಾನಗಿ ಶುಲ್ಕವನ್ನು 50 ಡಾಲರಿನಿಂದ 300 ಡಾಲರಿಗೆ ಏರಿಸಿ, ಭಾನುವಾರ ಬಾಗಿಲು ಹಾಕಿಸಿದಾಗ ಜರ್ಮನರು ಬೀದಿಗಿಳಿದರು. ಗಲಭೆಯಲ್ಲಿ ಒಬ್ಬ ಸತ್ತ. 1917ರಲ್ಲಿ ಅಮೆರಿಕ ಜರ್ಮನಿಯ ವಿರುದ್ಧ ಯುದ್ಧಕ್ಕಿಳಿದ ಮೇಲಂತೂ ಜರ್ಮನ್ ಹೆಸರೇ ಅಪರಾಧವಾಯಿತು. ಹುಳಿಗೋಸಿನ ಜರ್ಮನ್ ಹೆಸರು ಕಿತ್ತು ‘ಸ್ವಾತಂತ್ರ್ಯದ ಎಲೆಕೋಸು’ ಎಂದು ಕರೆದರು. ಅಯೋವಾ ರಾಜ್ಯದ ಗವರ್ನರ್ 1918ರಲ್ಲಿ ಶಾಲೆ, ಚರ್ಚು, ರೈಲು, ಟೆಲಿಫೋನಿನಲ್ಲಿ ಕೂಡ ಇಂಗ್ಲಿಷ್ ಬಿಟ್ಟು ಬೇರೆ ಭಾಷೆ ಆಡಕೂಡದೆಂದು ಘೋಷಿಸಿದ. ಬಿಯರ್ ಭಟ್ಟಿಗಳ ಒಡೆಯರು ಹೆಚ್ಚಾಗಿ ಜರ್ಮನ್ ಮೂಲದವರಾಗಿದ್ದುದು ಪಾನನಿರೋಧದ ಚಳವಳಿಗೆ ಒಳ್ಳೆಯ ಅಸ್ತ್ರವಾಯಿತು. 1920ರಿಂದ 1933ರವರೆಗೆ ದೇಶವಿಡೀ ಮದ್ಯ ನಿಷೇಧ ನಡೆಯಿತು. ಅಷ್ಟರಲ್ಲಿ ಜರ್ಮನ್ ಪತ್ರಿಕೆಗಳು, ಶಾಲೆಗಳು ಬಹುಪಾಲು ಕಣ್ಣು ಮುಚ್ಚಿದ್ದವು.

ಪದ ಮರಳಿ ಬಂದದ್ದು ಹಿಮದ ಮೇಲೆ ಜಾರುವ ಸ್ಕೀ ಆಟದ ಬೆನ್ನೇರಿ. 1930ರ ದಶಕದಲ್ಲಿ ಆಸ್ಟ್ರಿಯದಿಂದ ಹೋದ ಸ್ಕೀ ಗುರುಗಳು ಆಟದ ಜೊತೆಗೆ ತಮ್ಮ ಊರಿನ ಸಂಜೆಗಳನ್ನೂ ಒಯ್ದರು. ಅವರಲ್ಲಿ ಹೆಸರಾದ ಹಾನ್ನೆಸ್ ಷ್ನೈಡರ್, ನಾಜಿಗಳ ಬಂಧನದಿಂದ ಬಿಡುಗಡೆಯಾಗಿ 1939ರಲ್ಲಿ ಅಮೆರಿಕ ಸೇರಿದ. ಸ್ಕೀ ಊರುಗಳಲ್ಲಿ ಷ್ಟೂಬೆಗಳು ಎದ್ದವು. ವಿಚಿತ್ರವೆಂದರೆ, ಮರದ ವ್ಯಾಪಾರ ಕುಸಿದು ಪಾಳು ಬೀಳುತ್ತಿದ್ದ ವಾಷಿಂಗ್ಟನ್ ರಾಜ್ಯದ ಲೆವನ್‌ವರ್ತ್ ಎಂಬ ಊರು, 1960ರ ದಶಕದಲ್ಲಿ ಪ್ರವಾಸಿಗರನ್ನು ಸೆಳೆಯಲು ಇಡೀ ಊರಿಗೇ ಬವೇರಿಯದ ವೇಷ ಹಾಕಿಸಿತು. ಜರ್ಮನ್ ಆಡುವವರಿದ್ದಾಗ ಪದಕ್ಕೆ ಶಿಕ್ಷೆ. ಆಡುವವರು ಕರಗಿದ ಮೇಲೆ ಫಲಕಕ್ಕೆ ಶೃಂಗಾರ.

ಆಲ್ಪ್ಸ್‌ನ ದಕ್ಷಿಣ ಇಳಿಜಾರಿನ ದಕ್ಷಿಣ ಟಿರೋಲಿನಲ್ಲಿ ಕಥೆ ಬೇರೆ ತಿರುವು ಪಡೆಯಿತು. ಮೊದಲ ಮಹಾಯುದ್ಧದ ನಂತರ ಜರ್ಮನ್ ಆಡುವ ಈ ಪ್ರದೇಶ ಇಟಲಿಗೆ ಸೇರಿತು. ಮುಸೊಲಿನಿಯ ಸರ್ಕಾರ 1923ರಲ್ಲಿ ಟಿರೋಲ್ ಎಂಬ ಹೆಸರನ್ನೇ ನಿಷೇಧಿಸಿ, ಶಾಲೆಗಳಲ್ಲಿ ಜರ್ಮನ್ ಬದಲು ಇಟಾಲಿಯನ್ ತರುವ ಕಾನೂನು ಮಾಡಿತು. ಪಾದ್ರಿ ಮಿಖಾಯೆಲ್ ಗಾಂಪರ್, ರೋಮಿನ ಆದಿ ಕ್ರೈಸ್ತರು ನೆಲಮಾಳಿಗೆಗಳಲ್ಲಿ ಅಡಗಿ ಧರ್ಮ ಉಳಿಸಿಕೊಂಡಂತೆ ಭಾಷೆ ಉಳಿಸಿಕೊಳ್ಳಿರೆಂದು ಜನರಿಗೆ ಕರೆಕೊಟ್ಟರು. ರೈತರ ಮನೆಗಳಲ್ಲಿ ಗುಟ್ಟಿನ ಪಾಠಶಾಲೆಗಳು ನಡೆಯತೊಡಗಿದವು. ನಾಲ್ಕಾರು ಮಕ್ಕಳು, ಒಬ್ಬ ತರುಣ ಶಿಕ್ಷಕಿ, ಪೊಲೀಸರು ಬಂದರೆ ಎಚ್ಚರಿಸಲು ಹೊರಗೊಬ್ಬ ಕಾವಲು. ಅಂಜೆಲಾ ನಿಕೊಲೆಟ್ಟಿ ಎಂಬ ಶಿಕ್ಷಕಿ ಇದೇ ಅಪರಾಧಕ್ಕಾಗಿ 1927ರಲ್ಲಿ ಸೆರೆಯಾದರು. 1930ರಲ್ಲಿ ತೀರಿಕೊಂಡಾಗ ಅವರಿಗೆ 25 ವರ್ಷ. ಹಿಟ್ಲರ್ ಮತ್ತು ಮುಸೊಲಿನಿ 1939ರಲ್ಲಿ ಮಾಡಿಕೊಂಡ ಒಪ್ಪಂದ ಇನ್ನೂ ಕ್ರೂರವಾಗಿತ್ತು: ಭಾಷೆ ಬೇಕಾದರೆ ಊರು ಬಿಟ್ಟು ಜರ್ಮನಿಗೆ ಹೋಗಿ, ಊರು ಬೇಕಾದರೆ ಭಾಷೆ ಬಿಡಿ. ನೂರಕ್ಕೆ ಎಂಬತ್ತಕ್ಕೂ ಹೆಚ್ಚು ಜನ ಹೋಗುತ್ತೇವೆಂದರು. ನಿಜವಾಗಿ ಗಂಟುಮೂಟೆ ಕಟ್ಟಿದವರು ಸುಮಾರು 75,000. ಅವರ ಮನೆಗಳಲ್ಲಿ ಒಲೆ ತಣ್ಣಗಾಯಿತು.

ಯುದ್ಧ ಮುಗಿದ ಮೇಲೆ ಜರ್ಮನ್ ಶಾಲೆಗಳು ಮತ್ತೆ ತೆರೆದವು. 1972ರಲ್ಲಿ ಆ ಪ್ರಾಂತಕ್ಕೆ ವಿಶಾಲ ಸ್ವಾಯತ್ತತೆ ದೊರೆಯಿತು. ಅಲ್ಲಿ ಈಗ ಎರಡೂ ಭಾಷೆಗಳಿಗೆ ಕಚೇರಿಯಲ್ಲಿ ಸಮಾನ ಸ್ಥಾನ. ಮಿಲಾನ್, ರೋಮ್ ಕಡೆಯ ಇಟಾಲಿಯನ್ ಪ್ರವಾಸಿಗರು ಚಳಿಗಾಲದಲ್ಲಿ ಅಲ್ಲಿಗೆ ಹೋಗಿ, ಹಲಗೆ ಗೋಡೆಯ ಹಳೆಯ ಕೋಣೆಗಳಲ್ಲಿ ಕುಳಿತು ಊಟ ಮಾಡುತ್ತಾರೆ. ಅಂಥ ಕೋಣೆಗೆ ಅವರು ಇಟ್ಟುಕೊಂಡಿರುವ ಹೆಸರು ‘ಲಾ ಷ್ಟೂಬೆ’. ಇಟಾಲಿಯನ್ ನಿಘಂಟುಗಳಿಗೂ ಅದು ಸೇರಿದೆ. ಮೂಲೆಯಲ್ಲಿ ಕೋಣೆಯನ್ನು ಕಾಯಿಸುತ್ತಿರುವ ಒಲೆಗೆ ಮಾತ್ರ ಅವರು ತಮ್ಮ ಹಳೆಯ ಹೆಸರನ್ನೇ ಉಳಿಸಿಕೊಂಡಿದ್ದಾರೆ: ಸ್ತೂಫಾ.