ಪಕ್ಕವಾದ್ಯವಿಲ್ಲದ ಮೇಳ

ನಮ್ಮ ಭಜನೆಯಲ್ಲಿ ಐವತ್ತು ಜನ ಕೂತರೂ ಹಾಡುವ ಧಾಟಿ ಒಂದೇ. ಪಾಶ್ಚಾತ್ಯ ವೃಂದಗಾನದ ದಾರಿ ಬೇರೆ. ಹೆಂಗಸರಲ್ಲಿ ಏರುಕಂಠದವರಿಗೆ ಒಂದು ಧಾಟಿ, ತಗ್ಗುಕಂಠದವರಿಗೆ ಇನ್ನೊಂದು; ಗಂಡಸರಲ್ಲಿಯೂ ಹಾಗೆಯೇ. ನಾಲ್ಕೂ ಏಕಕಾಲಕ್ಕೆ ನಡೆದು ಒಂದಕ್ಕೊಂದು ಹೊಂದಬೇಕು. ಲಂಡನ್ನಿನ ಬಿ.ಬಿ.ಸಿ. ಸಿಂಗರ್ಸ್ ತಂಡದ ಹಾಡು ನಿಮ್ಮ ಕಿವಿಗೆ ಬಿದ್ದರೆ ಎಲ್ಲಕ್ಕಿಂತ ಕೆಳಗಿನ ಧ್ವನಿಯೊಂದನ್ನೇ ಹಿಂಬಾಲಿಸಿ ನೋಡಿ. ಮಿಕ್ಕವು ತಾವಾಗಿ ಬಿಡಿಬಿಡಿಯಾಗಿ ಕೇಳಿಸತೊಡಗುತ್ತವೆ.

ಈ ತಂಡವನ್ನು 1924ರಲ್ಲಿ ಕಟ್ಟಿದವರು ಸ್ಟ್ಯಾನ್‌ಫರ್ಡ್ ರಾಬಿನ್‌ಸನ್. ಆಗಿನ ಹೆಸರು ವೈರ್‌ಲೆಸ್ ಕೋರಸ್. ಇಂಗ್ಲೆಂಡಿನಲ್ಲಿ ಇಗರ್ಜಿಯ ಮೇಳಗಳಿಗೇನೂ ಬರವಿರಲಿಲ್ಲ. ಆದರೆ ಬಾನುಲಿಗೆ ಬೇಕಾದವರು, ಹೊಸ ಸ್ವರಲಿಪಿ ಕೈಗಿತ್ತರೆ ನಾಲ್ಕಾರು ತಾಲೀಮಿನಲ್ಲೇ ಹಾಡಿಬಿಡುವ ಕಸುಬುದಾರರು. ಇಗರ್ಜಿಯ ಗೋಡೆಗಳ ಮಾರ್ದನಿ ಸಣ್ಣಪುಟ್ಟ ಲೋಪಗಳನ್ನು ನುಂಗಿಹಾಕುತ್ತದೆ, ಮೈಕು ನುಂಗುವುದಿಲ್ಲ. ಪದದ ಕೊನೆಯ ಸಕಾರವನ್ನು ಒಬ್ಬರು ತುಸು ತಡವಾಗಿ ನಿಲ್ಲಿಸಿದರೂ ಮನೆಯಲ್ಲಿ ಕೂತ ನಿಮಗೆ ಹಾವು ಬುಸುಗುಟ್ಟಿದಂತೆ ಕೇಳಿಸೀತು! ಶ್ರುತಿಯ ಕಷ್ಟ ಇದಕ್ಕಿಂತ ದೊಡ್ಡದು. ನಮ್ಮ ಗಾಯಕರ ಬೆನ್ನಿಗೆ ತಂಬೂರಿಯಿರುತ್ತದೆ. ವಾದ್ಯವಿಲ್ಲದೆ ಹಾಡುವಾಗ ಇವರಿಗೆ ಅದೂ ಇಲ್ಲ. ಪಕ್ಕದವರ ಕಂಠವೇ ತಂಬೂರಿ.

1934ರ ಫೆಬ್ರವರಿ 23ರಂದು ಲೆಸ್ಲಿ ವುಡ್‌ಗೇಟರ ನಿರ್ದೇಶನದಲ್ಲಿ ಈ ತಂಡ ಇಪ್ಪತ್ತರ ತರುಣ ಬೆಂಜಮಿನ್ ಬ್ರಿಟನ್ನರ ‘ಎ ಬಾಯ್ ವಾಸ್ ಬಾರ್ನ್’ ಕೃತಿಯನ್ನು ಮೊದಲು ಬಿತ್ತರಿಸಿತು. ಆ ನಾಡಿನ ಹಿರಿಯ ಸಂಗೀತಗಾರ ಎಲ್ಗಾರ್ ತೀರಿಕೊಂಡದ್ದೂ ಅದೇ ದಿನ.

ನನ್ನ ಎಣಿಕೆಯಲ್ಲಿ ತಂಡದ ಬಾಳಿನ ದೊಡ್ಡ ಗಳಿಗೆ ಬಂದದ್ದು ಯುದ್ಧಕಾಲದಲ್ಲಿ. ಜರ್ಮನರ ವಶದಲ್ಲಿದ್ದ ಫ್ರಾನ್ಸಿನಲ್ಲಿ 1943ರಲ್ಲಿ ಪುಲಾಂಕ್ ಎಂಬ ಸಂಗೀತಗಾರ ಪಾಲ್ ಎಲ್ಯುಆರ್ ಕವಿಯ ಪದ್ಯಗಳಿಗೆ ರಾಗ ಕೂಡಿಸಿದರು. ಕೃತಿಯ ಹೆಸರು ‘ಫಿಗ್ಯೂರ್ ಯುಮೇನ್’. ಆರಾರು ಧ್ವನಿಗಳ ಎರಡು ಮೇಳ, ವಾದ್ಯ ಒಂದೂ ಇಲ್ಲ. ಕೊನೆಯ ಪದ್ಯವೇ ‘ಸ್ವಾತಂತ್ರ್ಯ’. ಅಂಥದನ್ನು ಪ್ಯಾರಿಸಿನಲ್ಲಿ ಬಹಿರಂಗವಾಗಿ ಹಾಡುವುದುಂಟೆ? ಸ್ವರಲಿಪಿಯನ್ನು ಗುಟ್ಟಾಗಿ ಅಚ್ಚುಹಾಕಿದರು. 1945ರ ಮಾರ್ಚ್ 25ರಂದು, ಯೂರೋಪಿನ ಯುದ್ಧ ಇನ್ನೂ ಮುಗಿದಿರಲಿಲ್ಲ, ವುಡ್‌ಗೇಟರೂ ಅವರ ಗಾಯಕರೂ ಲಂಡನ್ನಿನಿಂದ ಅದನ್ನು ಇಂಗ್ಲಿಷಿನಲ್ಲಿ ಮೊಟ್ಟಮೊದಲಿಗೆ ಹಾಡಿ ಬಿತ್ತರಿಸಿದರು.

ಬಿ.ಬಿ.ಸಿ. ಸಿಂಗರ್ಸ್ ಎಂಬ ಹೆಸರು ಬಂದದ್ದು 1970ರ ದಶಕದಲ್ಲಿ. ನೂರು ತುಂಬಲು ಒಂದೇ ವರ್ಷ ಉಳಿದಿರುವಾಗ, 2023ರ ಮಾರ್ಚ್ 7ರಂದು, ತಂಡವನ್ನೇ ಮುಚ್ಚುವುದಾಗಿ ಬಿ.ಬಿ.ಸಿ. ಸಾರಿತು. ಉಳಿತಾಯದ ಮಾತು. ಇದ್ದ ಗಾಯಕರು ಇಪ್ಪತ್ತು ಮಂದಿ! ಸಂಗೀತ ರಚನಕಾರರು ಬಹಿರಂಗ ಪತ್ರ ಬರೆದರು. ಲಕ್ಷಕ್ಕೂ ಮಿಕ್ಕ ಜನ ಮನವಿಗೆ ರುಜು ಹಾಕಿದರು. ಅದೇ ತಿಂಗಳ 24ರಂದು ತೀರ್ಮಾನವನ್ನು ತಡೆಹಿಡಿಯಲಾಯಿತು. 1924ರ ತಂಡ 2024ರಲ್ಲಿ ತನ್ನ ಶತಮಾನೋತ್ಸವವನ್ನು ತಾನೇ ಹಾಡಿಕೊಂಡಿತು.